ಮೇಜಿನ ಆಚೆ ಬದಿಯ ಕನ್ನಡಕ

ಸಡಿಲವಾದದ್ದು ಕಣ್ಣಿಗೆ ಬಿದ್ದರೆ ಬಿಗಿಮಾವನ ಕೈ ಸುಮ್ಮನಿರುತ್ತಿರಲಿಲ್ಲ. ಅಕ್ಕನ ಮನೆಯ ಬಾಣಲೆಯ ಹಿಡಿ, ಬಚ್ಚಲ ಬಾಗಿಲಿನ ಚಿಲಕ, ಭಾವನ ಕೊಡೆ, ಹೊಲಿಗೆಯಂತ್ರದ ಚಕ್ರ, ಹೀಗೆ ಯಾವುದು ಅಲುಗಿದರೂ ಅಂಗಿಯ ಜೇಬಿನಿಂದ ಬೆರಳುದ್ದದ ಸ್ಕ್ರೂಡ್ರೈವರ್ ಹೊರಬರುತ್ತಿತ್ತು. ಯಾರನ್ನೂ ಕೇಳುವುದಿಲ್ಲ, ಯಾರಿಗೂ ಹೇಳುವುದಿಲ್ಲ. ಎರಡು ಸುತ್ತು ತಿರುಗಿಸಿ, ಅಲುಗಾಡಿಸಿ ನೋಡಿ, ಮತ್ತೆ ಜೇಬಿಗೆ. ಅಕ್ಕನ ಹೆಣ್ಣುಮಕ್ಕಳು ಚಿಕ್ಕವರಿದ್ದಾಗ ಇಟ್ಟ ಹೆಸರು ಅದು. ಅವರು ಮದುವೆಯಾಗಿ ಹೋದರು, ಹೆಸರು ಮನೆಯಲ್ಲೇ ಉಳಿಯಿತು. ಆಮೇಲೆ ಅದು ಬೀದಿಗಿಳಿದು, ಅವನು ಕೆಲಸ ಮಾಡುವ ಕನ್ನಡಕದ ಅಂಗಡಿಯನ್ನೂ ಸೇರಿತು. ಅವನಿಗಿಂತ ಹಿರಿಯರಾದ ಗಿರಾಕಿಗಳೂ ಕೌಂಟರಿನಿಂದ ಇಣುಕಿ, "ಬಿಗಿಮಾವ ಇದಾನಾ ಒಳಗೆ?" ಎಂದು ಕೇಳುವಷ್ಟಾಯಿತು.

"ಮನೇಲಿರೋದನ್ನೆಲ್ಲ ಬಿಗಿ ಮಾಡ್ತೀಯಲ್ಲೋ," ಎಂದು ಅಕ್ಕ ಆಗಾಗ ಹೇಳುತ್ತಿದ್ದಳು, "ಆ ನಿನ್ನ ಬಾಯಿ ಒಂಚೂರು ಸಡಿಲ ಮಾಡ್ಕೋಬಾರದಾ?"

ಅವಳ ಮಾತಿನಲ್ಲಿ ಹುರುಳಿತ್ತು. ಮದುವೆಯ ವಯಸ್ಸಿನಲ್ಲಿ ಒಂದೆರಡು ಸಂಬಂಧಗಳು ಕೂಡಿಬಂದಾಗ ಬಿಗಿಮಾವ "ನೋಡೋಣ" ಎಂದಿದ್ದ. ಬೇಡವೆಂಬ ಅರ್ಥ ಅದಕ್ಕಿರಲಿಲ್ಲ. ಬೇಕೆನ್ನುವುದಕ್ಕೆ ನಾಲಿಗೆ ಏಳಲಿಲ್ಲ, ಅಷ್ಟೆ. ಕೇಳಿದವರು ಅದನ್ನು ಬೇಡವೆಂದೇ ತಿಳಿದು ಬೇರೆ ಕಡೆ ಹೋದರು. ಈಗ ಐವತ್ತು ದಾಟಿದ್ದ. ಅಕ್ಕನ ಮನೆಯ ಮಹಡಿಯಲ್ಲಿ ಅವನದೊಂದು ಕೋಣೆ: ಒಂದು ಮಂಚ, ಒಂದು ಕುರ್ಚಿ, ಅಲುಗದ ಒಂದು ಮೇಜು. ಊಟ ಕೆಳಗೆ.

ಅಂಗಡಿಯಲ್ಲಿ ಅವನ ಜಾಗ ಹಿಂಬದಿಯ ಪರದೆಯ ಆಚೆಗೆ. ಅಲ್ಲಿ ಸಣ್ಣ ವಿದ್ಯುತ್ ಒಲೆಯ ಮೇಲೆ ಮರಳು ತುಂಬಿದ ತಟ್ಟೆಯೊಂದು ದಿನವಿಡೀ ಬೆಚ್ಚಗಿರುತ್ತಿತ್ತು. ಕನ್ನಡಕದ ಕಡ್ಡಿಯನ್ನು ಆ ಮರಳಿನಲ್ಲಿ ಹೂತು, ಮೆತ್ತಗಾದ ಮೇಲೆ ಬಗ್ಗಿಸಿ, ಗಿರಾಕಿಯ ಕಿವಿಗೆ ಕೂರಿಸುವುದು ಅವನ ಕೆಲಸ. ಈಗಿನವರು ಬಿಸಿಗಾಳಿಯ ಯಂತ್ರ ಬಳಸುತ್ತಾರೆ. ಅವನಿಗೆ ಮರಳೇ ಒಗ್ಗಿತ್ತು, ಬೆರಳಿಗೆ ಬಿಸಿಯ ಹದ ತಿಳಿಯುತ್ತಿತ್ತು. ಕೆಲಸ ಕಲಿಸಿದ ಹಳೆಯ ಯಜಮಾನರು ಮೊದಲ ದಿನವೇ ಒಂದು ಮಾತು ಹೇಳಿದ್ದರು: "ಮುಖ ನೋಡದೆ ಫ್ರೇಮು ಮುಟ್ಟಬೇಡ. ಮೇಜಿನ ಮೇಲೆ ನೆಟ್ಟಗೆ ಕೂತಿತು ಅಂತ ಹಿಗ್ಗಬೇಡ. ಮೇಜಿಗೆ ಕಿವಿ ಇಲ್ಲ ಕಣೋ." ಒಂದೇ ಎತ್ತರದ ಎರಡು ಕಿವಿಗಳನ್ನು ಬಿಗಿಮಾವ ಇಷ್ಟು ವರ್ಷದಲ್ಲಿ ಕಂಡಿರಲಿಲ್ಲ. ಎಲ್ಲರ ಮುಖವೂ ಎಲ್ಲೋ ಒಂದು ಕಡೆ ವಾಲಿರುತ್ತದೆ. ಆ ವಾಲನ್ನು ಕನ್ನಡಕವೂ ಕಲಿಯಬೇಕು.

ಅಷ್ಟೊಂದು ಮುಖಗಳನ್ನು ಎರಡು ಅಂಗೈಗಳ ನಡುವೆ ಹಿಡಿದವನು ಆ ಊರಿನಲ್ಲಿ ಇನ್ನೊಬ್ಬನಿದ್ದಿರಲಾರ. ಕನ್ನಡಕ ತೊಡಿಸುವಾಗ ಜನ ಮಗುವಿನ ಹಾಗೆ ಮುಖ ಮುಂದೆ ಚಾಚಿ, ಕಣ್ಣು ಮುಚ್ಚಿಕೊಳ್ಳುತ್ತಾರೆ. ಅವರ ಉಸಿರು ಅವನ ಮಣಿಕಟ್ಟಿಗೆ ತಾಗುತ್ತದೆ. ಕಣ್ಣು ತೆರೆದ ಕೂಡಲೇ ಅವರು ಕನ್ನಡಿಯ ಕಡೆ ತಿರುಗುತ್ತಾರೆ. ಅದರಲ್ಲಿ ತಪ್ಪೇನೂ ಇಲ್ಲ, ಅವರು ಬಂದದ್ದು ತಮ್ಮನ್ನು ನೋಡಿಕೊಳ್ಳುವುದಕ್ಕೆ.

ಅಂಗಡಿ ಮುಚ್ಚಿದ ಮೇಲೆ ಅವನು ವಾಚನಾಲಯಕ್ಕೆ ಹೋಗುತ್ತಿದ್ದ. ಹಳೆಯ ಕಟ್ಟಡ, ಎತ್ತರದ ಚಾವಣಿ. ನಡುವೆ ಒಂದು ಉದ್ದನೆಯ ಮೇಜು, ಅದರ ಮೇಲೆ ಸಾಲಾಗಿ ತಗಡಿನ ಮುಚ್ಚಿಗೆಯ ದೀಪಗಳು. ಬಾಗಿಲ ನೆತ್ತಿಯ ಮೇಲೆ ದೊಡ್ಡ ಗೋಡೆ ಗಡಿಯಾರವಿತ್ತು, ಅದು ಎಂದೋ ನಿಂತುಹೋಗಿತ್ತು. ರಿಪೇರಿ ಮಾಡಿಸಿ ಎಂದು ಮೇಲಿನವರಿಗೆ ಬರೆದು ಬರೆದು ಗ್ರಂಥಪಾಲಕರು ಕೈಬಿಟ್ಟಿದ್ದರು. ಬಿಗಿಮಾವನ ಕೈಗೆ ಎಟುಕಿದ್ದರೆ ಅದರ ಗತಿ ಬೇರೆಯಾಗುತ್ತಿತ್ತು, ಎಟುಕುತ್ತಿರಲಿಲ್ಲ. ಗ್ರಂಥಪಾಲಕರು ಶಿಸ್ತಿನ ಮನುಷ್ಯ. ಅವರ ಮೇಜಿನ ಮೇಲೊಂದು ಹಿತ್ತಾಳೆಯ ಗಂಟೆ. ಯಾರಾದರೂ ಪಿಸುಗುಟ್ಟಿದರೆ ಟಣ್ ಎನ್ನುತ್ತಿತ್ತು. ಮಾತಾಡಲು ಬಾರದವನಿಗೆ ಮಾತು ನಿಷಿದ್ಧವಾದ ಜಾಗಕ್ಕಿಂತ ಹಿತವಾದದ್ದು ಯಾವುದಿದೆ?

ಆಕೆ ಅಲ್ಲಿಗೆ ಬರತೊಡಗಿದ್ದು ಯಾವಾಗ ಎಂದು ಅವನು ಗಮನಿಸಲಿಲ್ಲ. ಒಂದು ಸಂಜೆ ಪತ್ರಿಕೆಯಿಂದ ತಲೆಯೆತ್ತಿದಾಗ ಎದುರು ಕುರ್ಚಿಯಲ್ಲಿ ಒಂದು ಕಂದು ಬಣ್ಣದ ಕನ್ನಡಕ ಕಂಡಿತು; ಆಮೇಲೆ ಅದರ ಹಿಂದಿನ ಮುಖ. ನಲವತ್ತೈದರ ಆಚೀಚೆಯ ಹೆಂಗಸು. ನರೆತ ಕೂದಲನ್ನು ಎರಡೂ ಕಿವಿ ಮುಚ್ಚುವಂತೆ ತಗ್ಗಿಸಿ ಗಂಟು ಕಟ್ಟಿದ್ದಳು. ಭೂಪಟಗಳ ದೊಡ್ಡ ಪುಸ್ತಕವನ್ನು ಬಿಡಿಸಿಕೊಂಡು, ಯಾವುದೋ ನದಿಯ ಗುಂಟ ಬೆರಳು ಆಡಿಸುತ್ತ, ನಿಧಾನವಾಗಿ ಓದುತ್ತಿದ್ದಳು. ಕನ್ನಡಕ ಜಾರಿದಾಗ ಬೆರಳಿನಿಂದಲ್ಲ, ಮಣಿಕಟ್ಟಿನ ಹಿಂಬದಿಯಿಂದ ಮೇಲಕ್ಕೆ ತಳ್ಳುತ್ತಿದ್ದಳು. ದಿನವೆಲ್ಲ ಬೆರಳಿಗೆ ಏನಾದರೂ ಮೆತ್ತಿಕೊಂಡಿರುವವರು ಹಾಗೆ ಮಾಡುತ್ತಾರೆ. ಗಾಜಿನ ಮೇಲ್ಪದರ ಜೇಡರಬಲೆಯಂತೆ ಬಿರುಕು ಬಿಟ್ಟಿತ್ತು. ಬೆಂಕಿಯ ಹತ್ತಿರದ ಕೆಲಸ ಎಂದುಕೊಂಡ. ಎಡಗಡೆಯ ಕಡ್ಡಿ ಫ್ರೇಮಿಗೆ ಕೂಡುವ ಕಡೆ ಸ್ಕ್ರೂ ಬಿದ್ದುಹೋಗಿ, ಆ ಜಾಗಕ್ಕೆ ಕಪ್ಪು ದಾರ ಸುತ್ತಿತ್ತು.

ಆ ದಾರ ಅವನ ನಿದ್ದೆ ಕೆಡಿಸಿತು. ಮೊದಮೊದಲು ನಿಜಕ್ಕೂ ದಾರವೇ. ಅಂಥ ಸ್ಕ್ರೂಗಳು ತನ್ನ ಜೇಬಿನ ಪುಟ್ಟ ಡಬ್ಬಿಯಲ್ಲೇ ಇವೆ, ಕ್ಷಣದ ಕೆಲಸ ಎಂದು ಕೈ ತುರಿಸುತ್ತಿತ್ತು. ಕೆಲವು ವಾರ ಕಳೆದ ಮೇಲೆ ದಾರ ನೆಪಕ್ಕೆ ಉಳಿಯಿತು. ಆಕೆ ಬಾರದ ಸಂಜೆ ಪತ್ರಿಕೆಯ ಅಕ್ಷರಗಳು ಬರಿಯ ಅಕ್ಷರಗಳಾಗಿರುತ್ತಿದ್ದವು. ಬಂದ ಸಂಜೆಯೂ ಅವನು ಓದುತ್ತಿದ್ದುದು ಅಷ್ಟರಲ್ಲೇ ಇತ್ತು.

ಗ್ರಂಥಪಾಲಕರು ಒಮ್ಮೆ ಹತ್ತಿರ ಬಂದು ಬಗ್ಗಿ, ತಮ್ಮ ಗಂಟೆಗೂ ಕೇಳದ ದನಿಯಲ್ಲಿ, "ಏನು, ಆ ಪುಟ ಬಾಯಿಪಾಠ ಮಾಡ್ತಿದೀರಾ?" ಎಂದು ವಿಚಾರಿಸಿದರು. ಬಿಗಿಮಾವ ಗಡಿಬಿಡಿಯಿಂದ ಪುಟ ತಿರುವಿದ. ಅದು ಹಿಂದಿನ ಪುಟವಾಗಿತ್ತು.

ನೋಡುವುದಕ್ಕೆ ಅವನಿಗೊಂದು ಧೈರ್ಯವಿತ್ತು, ಅದನ್ನು ಕೊಟ್ಟದ್ದು ಅವನ ಕಸುಬು. ಆಕೆಯದು ಓದುವ ಕನ್ನಡಕ. ಹತ್ತಿರದ್ದನ್ನು ದೊಡ್ಡದು ಮಾಡುವ ಗಾಜು, ಅದಕ್ಕೇ ಕಣ್ಣುಗಳು ಅಷ್ಟು ಅಗಲವಾಗಿ ಕಾಣುತ್ತಿದ್ದವು. ಆ ಗಾಜಿನಿಂದ ಪುಟದ ಅಕ್ಷರ ನಿಚ್ಚಳ, ಮೇಜಿನ ಆಚೆ ಕುಳಿತವನು ಬರಿಯ ಮಬ್ಬು. ಆಕೆ ತಲೆಯೆತ್ತಿದರೂ ಅವನು ಆಕೆಯ ಪಾಲಿಗೆ ಅಂಗಿ ತೊಟ್ಟ ಒಂದು ಮೋಡ. ಹೀಗಾಗಿ ಕನ್ನಡಕ ಇರುವವರೆಗೆ ಅವನು ಕಳ್ಳನ ಹಾಗೆ ನೆಮ್ಮದಿಯಾಗಿ ನೋಡಬಹುದಿತ್ತು. ಆಕೆ ಕನ್ನಡಕ ತೆಗೆದು ಕಣ್ಣೊರೆಸಿಕೊಂಡಳೆಂದರೆ ಅಪಾಯ, ದೂರದ್ದು ಸ್ಪಷ್ಟವಾಗಿಬಿಡುತ್ತದೆ. ಆ ಗಳಿಗೆಗೆ ಅವನ ದೃಷ್ಟಿ ಆಕೆಯ ತಲೆಯ ಮೇಲಿಂದ ಹಾದು ಬಾಗಿಲ ನೆತ್ತಿಗೆ ಏರಿ ಕೂರುತ್ತಿತ್ತು. ಆಕೆ ಮತ್ತೆ ಕನ್ನಡಕ ತೊಟ್ಟ ಮೇಲೆ ಇಳಿದು ಬರುತ್ತಿತ್ತು.

"ಪೇಪರ್ ಓದೋಕೆ ಇಸ್ತ್ರಿ ಅಂಗಿ ಯಾಕೋ?" ಎಂದು ಕೇಳಿದಳು ಅಕ್ಕ.

"ಇರ್ಲಿ ಬಿಡಕ್ಕ."

"ಇರ್ಲಿ ಅಂತಲೇ ಕೇಳಿದ್ದು. ಬೇಡ ಅಂದೆನಾ?" ಭಾವ ಪಕ್ಕದ ಕೋಣೆಯಿಂದ ಕೆಮ್ಮಿದ. ಆ ಮನೆಯಲ್ಲಿ ನಗುವುದಕ್ಕೆ ಅವನು ಬಳಸುವ ಸದ್ದು ಅದೇ.

ಮಾತಾಡಿಸಬೇಕೆಂದು ಅವನು ಎಷ್ಟೋ ಬಾರಿ ಸಿದ್ಧನಾಗಿದ್ದ. ವಾಚನಾಲಯದ ಹೊರ ಮೆಟ್ಟಿಲ ಮೇಲೆ ಆಕೆ ಚಪ್ಪಲಿಯ ಪಟ್ಟಿ ಸರಿಮಾಡಿಕೊಳ್ಳಲು ನಿಲ್ಲುತ್ತಿದ್ದಳು. "ನಿಮ್ಮ ಕನ್ನಡಕಕ್ಕೆ ಸ್ಕ್ರೂ ಹಾಕಿಕೊಡಲಾ?" ಎನ್ನುವ ಮಾತನ್ನು ಮಹಡಿಯ ಕೋಣೆಯಲ್ಲಿ ಹಲವು ಬಗೆಯಲ್ಲಿ ಹೇಳಿ ನೋಡಿಕೊಂಡಿದ್ದ. ಒಮ್ಮೆ ಅದು ವ್ಯಾಪಾರಿಯ ಮಾತಿನಂತೆ ಕೇಳಿತು, ಒಮ್ಮೆ ಪೋಲಿಯ ಮಾತಿನಂತೆ. ಮೆಟ್ಟಿಲ ಮೇಲೆ ಮಾತ್ರ ಯಾವ ಬಗೆಯೂ ಬಾಯಿಗೆ ಬರುತ್ತಿರಲಿಲ್ಲ. ಆಕೆ ಇಳಿದು ಹೋಗುತ್ತಿದ್ದಳು, ಅವನು ಕೊಡೆ ಬಿಡಿಸಲು ತೊಡಗುತ್ತಿದ್ದ. ಮಳೆ ಇಲ್ಲದ ದಿನವೂ.

ಅದು ನಡೆದ ಸಂಜೆ ಆಕೆ ಕನ್ನಡಕವನ್ನು ಪುಸ್ತಕದ ಪಕ್ಕದಲ್ಲಿ ಬಿಟ್ಟು, ಇನ್ನಾವುದೋ ಸಂಪುಟ ಹುಡುಕಲು ಕೋಣೆಯ ಆ ತುದಿಯ ಕಪಾಟಿನ ಕಡೆ ಹೋದಳು. ಗ್ರಂಥಪಾಲಕರೂ ಏಣಿ ಹಿಡಿದು ಅವಳ ಹಿಂದೆ ಹೋದರು. ಮೇಜಿನ ಮೇಲೆ ದೀಪದ ಕೆಳಗೆ ಕನ್ನಡಕ ಒಂಟಿಯಾಗಿ ಉಳಿಯಿತು. ಮಗುಚಿಟ್ಟಿದ್ದ ಅದು ನೆಟ್ಟಗೆ ಕೂತಿರಲಿಲ್ಲ. ಬಲಗಡೆಯ ಕಡ್ಡಿ ಮೇಜಿನಿಂದ ಎದ್ದು, ಕಾಲು ಗಿಡ್ಡವಾದ ಕುರ್ಚಿಯ ಹಾಗೆ ವಾಲಿತ್ತು. ಯಾರೋ ಪುಟ ತಿರುವಿದ ಗಾಳಿಗೆ ಒಮ್ಮೆ ಅಲುಗಿತು.

ಅಲುಗಿದ್ದೇ ಸಾಕಾಯಿತು. ಅವನ ಕೈ ಮೇಜನ್ನು ದಾಟಿದ್ದು ಅವನಿಗೆ ಆಮೇಲೆ ಗೊತ್ತಾಯಿತು. ದಾರ ಕಿತ್ತ; ಡಬ್ಬಿಯಿಂದ ಸ್ಕ್ರೂ ಆರಿಸಿ ಕೂರಿಸಿ ಬಿಗಿದ. ವಾಲಿದ ಕಡ್ಡಿಯನ್ನು ದೀಪದ ಬಿಸಿ ತಗಡಿಗೆ ತಾಗಿಸಿ ಹಿಡಿದ. ಹದ ಬೆರಳಿಗೆ ತಿಳಿಯಿತು, ಕಡ್ಡಿ ಮಾತು ಕೇಳಿತು. ತನ್ನ ಕರವಸ್ತ್ರದಿಂದ ಗಾಜೊರೆಸಿ ಕೆಳಗಿಟ್ಟಾಗ ಕನ್ನಡಕ ಮೇಜಿನ ಮೇಲೆ ಒಂದು ಕೂದಲೆಳೆಯಷ್ಟೂ ಅಲುಗದೆ ಕುಳಿತಿತು. ಇಷ್ಟು ತಿಂಗಳು ಹೇಳಲಾರದ್ದನ್ನೆಲ್ಲ ಹೇಳಿ ಮುಗಿಸಿದವನ ಹಾಗೆ ಬಿಗಿಮಾವ ಪತ್ರಿಕೆಯ ಹಿಂದೆ ಬೆವರಿದ.

ಆಕೆ ಬಂದು ಕುಳಿತಳು. ಕನ್ನಡಕ ಎತ್ತಿಕೊಂಡವಳ ಬೆರಳು ದಾರವಿದ್ದ ಜಾಗದಲ್ಲಿ ತಡವರಿಸಿತು. ತೊಟ್ಟಳು. ಹುಬ್ಬು ಗಂಟಾಯಿತು. ತೆಗೆದು ನೋಡಿದಳು, ಮತ್ತೆ ತೊಟ್ಟಳು. ಈಗ ಫ್ರೇಮು ಬಲಗಡೆಗೆ ಸ್ಪಷ್ಟವಾಗಿ ಇಳಿಬಿದ್ದಿತ್ತು. ಸರಿಮಾಡಿಕೊಳ್ಳಲು ಆಕೆ ಕೂದಲನ್ನು ಹಿಂದಕ್ಕೆ ಸರಿಸಿದಾಗ ಅವನಿಗೆ ಆ ಕಿವಿ ಮೊದಲ ಬಾರಿಗೆ ಕಂಡಿತು. ಎಡಗಿವಿಗಿಂತ ಎಷ್ಟೋ ತಗ್ಗಿನಲ್ಲಿ, ಒಳಕ್ಕೆ ಮಡಿಸಿದ ಹಾಗಿದ್ದ ಪುಟ್ಟ ಕಿವಿ.

ಮೇಜಿಗೆ ಕಿವಿ ಇಲ್ಲ ಕಣೋ.

ಕಡ್ಡಿ ವಾಲಿದ್ದು ಕೆಟ್ಟು ಅಲ್ಲ. ಆ ಕಿವಿಗೆಂದೇ, ಯಾರೋ ತಾಳ್ಮೆಯಿಂದ, ಆ ಮುಖವನ್ನು ಅರಿತು ವಾಲಿಸಿದ್ದರು. ಕಸುಬಿಗೆ ಬಂದಾಗಿನಿಂದ ಒಂದು ದಿನವೂ ಮುರಿಯದ ನಿಯಮವನ್ನು ಅವನು ಮುರಿದಿದ್ದ. ಅದೂ ದಿನವೂ ತಪ್ಪದೆ ನೋಡುತ್ತಿದ್ದ ಒಂದೇ ಒಂದು ಮುಖದ ವಿಷಯದಲ್ಲಿ.

ಆಕೆ ಎದ್ದು ಗ್ರಂಥಪಾಲಕರ ಬಳಿ ಹೋಗಿ ಏನೋ ಪಿಸುಗುಟ್ಟಿದಳು. ಅವರು ಕೋಣೆಯ ಸುತ್ತ ಕಣ್ಣಾಡಿಸಿದರು. ಕುರ್ಚಿಗಳ ಕೆಳಗೆ ಬಟ್ಟೆ ಹಾಕಿ ಒರೆಸುತ್ತಿದ್ದ ಗುಡಿಸುವ ಅಜ್ಜಿಯನ್ನು ಕರೆದರು.

"ಮೇಜು ಒರೆಸೋವಾಗ ಇವರ ಕನ್ನಡಕ ಬೀಳಿಸಿದ್ಯಾ?"

ಅಜ್ಜಿಗೆ ಗಂಟೆಯ ಭಯವಿರಲಿಲ್ಲ. "ನಾನು ಮುಟ್ಟಿದ್ರೆ ಅದರ ಧೂಳಾದ್ರೂ ಹೋಗಿರ್ತಿತ್ತು! ನೆಲ ಒರೆಸೋಳಿಗೆ ಮೂಗಿನ ಮೇಲಿನ ಸಾಮಾನು ಯಾಕಪ್ಪಾ?"

ಟಣ್.

"ಹೊಡ್ಕೊ, ಹೊಡ್ಕೊ. ನಿನ್ನ ಗಂಟೇನೂ ನಾನೇ ಉಜ್ಜೋದು."

ಬಿಗಿಮಾವನ ಮೈಯೆಲ್ಲ ಏಳಬೇಕೆಂದಿತು. ಏಳಲಿಲ್ಲ. ಎದ್ದು ಹೇಳಿದರೆ ಕೈಯಾಡಿಸಿದ್ದು ಮಾತ್ರವಲ್ಲ, ಇಷ್ಟು ದಿನ ಕಣ್ಣಾಡಿಸಿದ್ದೂ ಬಯಲಾಗುತ್ತದೆ. ಎದುರು ಕುರ್ಚಿ ಆಮೇಲೆ ಎಂದೆಂದಿಗೂ ಖಾಲಿ. ಅವನಿಗೆ ಈ ಲೋಕದಲ್ಲಿ ಇದ್ದ ಸಿರಿಯೆಂದರೆ ಆ ಎದುರು ಕುರ್ಚಿಯೊಂದೇ. ಅವನು ಪತ್ರಿಕೆಯನ್ನು ಇನ್ನಷ್ಟು ಮೇಲಕ್ಕೆತ್ತಿಕೊಂಡ.

ಮರುದಿನ ಆಕೆ ತಲೆಯನ್ನು ಒಂದು ಬದಿಗೆ ವಾಲಿಸಿಕೊಂಡು ಓದಿದಳು. ನೆಟ್ಟಗಾದ ಕನ್ನಡಕಕ್ಕೆ ಸರಿಯಾಗಿ ಮುಖವನ್ನೇ ಸೊಟ್ಟಗೆ ಮಾಡಿಕೊಳ್ಳಬೇಕಾಗಿತ್ತು. ಎರಡು ಕಣ್ಣಿಗೆ ಎರಡು ಎತ್ತರದಲ್ಲಿ ಗಾಜು. ನದಿಯ ಗುಂಟ ಹೋಗುತ್ತಿದ್ದ ಬೆರಳು ದಾರಿ ತಪ್ಪಿ ಹಿಂದಕ್ಕೆ ಬರುತ್ತಿತ್ತು. ಸ್ವಲ್ಪ ಹೊತ್ತಿಗೇ ಪುಸ್ತಕ ಮುಚ್ಚಿ, ಮೂಗಿನ ಬುಡ ಹಿಸುಕಿಕೊಂಡು ಕುಳಿತಳು. ಬಿಗಿಮಾವನಿಗೆ ತನ್ನ ಹಣೆಯೂ ನೋಯುತ್ತಿರುವಂತೆ ಅನಿಸಿತು.

ಅಂದು ತಟ್ಟೆಯಲ್ಲಿದ್ದದ್ದನ್ನು ಅವನು ಅರ್ಧಕ್ಕೇ ಬಿಟ್ಟೆದ್ದಾಗ ಅಕ್ಕ ಅಡ್ಡ ನಿಂತಳು.

"ಏನೋ? ಅಂಗಡೀಲಿ ಏನಾದ್ರೂ ಮುರಿದ್ಯಾ?"

"ಮುರಿದಿಲ್ಲ. ಸರಿ ಮಾಡಿದೆ."

"ಸರಿ ಮಾಡಿದ್ರೆ ಮುಖ ಯಾಕೋ ಹೀಗಿದೆ?"

"ಸರಿ ಇದ್ದದ್ದನ್ನ ಸರಿ ಮಾಡಿಬಿಟ್ಟೆ ಅಕ್ಕ. ಕೇಳದೇನೆ."

"ಅದೇನು ಹೊಸದಾ? ನನ್ನ ಹೊಲಿಗೆಯಂತ್ರಕ್ಕೂ ಹಾಗೇ ಮಾಡಿದ್ದೆ. ಆ ಚಕ್ರ ಸ್ವಲ್ಪ ಸಡಿಲ ಇದ್ರೇನೇ ನನಗೆ ಆಗೋದು ಅಂತ ಬಡ್ಕೊಂಡೆ." ಅವಳು ಸೆರಗಿಗೆ ಕೈಯೊರೆಸಿಕೊಂಡು ಅವನನ್ನೇ ನೋಡಿದಳು. "ಹೋಗಿ ಅವಳ ಹತ್ರಾನೇ ಹೇಳು. ನನ್ನ ಮುಂದೆ ಮುಖ ಸಪ್ಪಗೆ ಮಾಡ್ಕೊಂಡು ಕೂತ್ರೆ ಏನು ಬಂತು?"

"ನಾನು 'ಅವಳು' ಅಂದೆನಾ?"

"ಗಂಡಸರ ಕನ್ನಡಕಕ್ಕೆಲ್ಲ ನೀನು ಊಟ ಬಿಡೋನಲ್ಲ."

ಪಕ್ಕದ ಕೋಣೆಯಲ್ಲಿ ಭಾವನಿಗೆ ಕೆಮ್ಮು ಬಂತು.

ಮುಂದಿನ ಸಂಜೆ ಆಕೆ ಭೂಪಟದ ಪುಸ್ತಕವನ್ನು ತೆರೆಯಲೇ ಇಲ್ಲ. ಗ್ರಂಥಪಾಲಕರ ಮೇಜಿಗೆ ಅದನ್ನು ಹಿಂದಿರುಗಿಸಿ, "ಇದನ್ನ ಕಪಾಟಿಗೆ ಇಟ್ಟುಬಿಡಿ. ತಲೆನೋವು ತಡೆಯೋಕಾಗ್ತಿಲ್ಲ. ಸ್ವಲ್ಪ ದಿನ ಬರಲ್ಲ," ಎಂದಳು. ಗ್ರಂಥಪಾಲಕರಿಗೆ ತಮ್ಮ ವಾಚನಾಲಯದ ಮಾನ ಹೋದಂತಾಯಿತು. ಬಾಗಿಲ ಬಳಿ ಬಕೆಟ್ಟು ಹಿಡಿದಿದ್ದ ಅಜ್ಜಿಯನ್ನು ಮತ್ತೆ ಕರೆದರು. "ನಿಜ ಹೇಳಿಬಿಡು. ಬೇಕಂತ ಮಾಡಿಲ್ಲ ಅಂತ ನನಗೂ ಗೊತ್ತು. ಆದ್ರೆ ಹೀಗೇ ಆದ್ರೆ ನಾನು ಬೇರೆಯವರನ್ನ ನೋಡಬೇಕಾಗುತ್ತೆ."

ಈ ಸಲ ಅಜ್ಜಿ ತಿರುಗಿ ಮಾತಾಡಲಿಲ್ಲ. ಬಕೆಟ್ಟನ್ನು ನೆಲಕ್ಕಿಟ್ಟಳು. ಬಾಯಿ ಜೋರಿನ ಆ ಮುದುಕಿ ಹಾಗೆ ಸುಮ್ಮನೆ ನಿಂತದ್ದನ್ನು ನೋಡುವುದು ಬಿಗಿಮಾವನಿಂದ ಆಗಲಿಲ್ಲ.

"ಅದು ನಾನು ಮಾಡಿದ್ದು," ಎಂದ.

ಆ ಕೋಣೆಯಲ್ಲಿ ಅವನು ಆಡಿದ ಮೊದಲ ಮಾತು ಅದು. ಅಳತೆ ತಿಳಿಯದೆ ಬಲು ಗಟ್ಟಿಯಾಗಿ ಬಂತು. ಗ್ರಂಥಪಾಲಕರ ಕೈ ಅಭ್ಯಾಸಬಲದಿಂದ ಗಂಟೆ ಬಾರಿಸಿತು. ಮೇಜಿನ ಉದ್ದಕ್ಕೂ ತಲೆಗಳೆದ್ದವು.

"ಕನ್ನಡಕಕ್ಕೆ ಕೈ ಹಾಕಿದ್ದು ನಾನು. ಅಜ್ಜೀದು ಏನೂ ತಪ್ಪಿಲ್ಲ."

ಟಣ್ ಎಂದಿತು ಗಂಟೆ ಮತ್ತೊಮ್ಮೆ, ಸ್ವಲ್ಪ ಅನುಮಾನದಿಂದ.

"ಅಯ್ಯೋ ನಿಲ್ಲಿಸಪ್ಪಾ," ಎಂದಳು ಅಜ್ಜಿ, "ಎಷ್ಟು ವರ್ಷಕ್ಕೆ ಬಾಯಿ ಬಿಟ್ಟಿದಾನೆ, ಮಾತಾಡ್ಲಿ."

ಆಕೆ ಅವನ ಕಡೆ ನೋಡಿದಳು. ಕೈಚೀಲ ತೆಗೆದುಕೊಂಡು ಹೊರಗೆ ನಡೆದಳು. ಅವನು ಹಿಂದೆಯೇ ಹೋದ. ಆಕೆ ಮೆಟ್ಟಿಲ ಮೇಲೆ, ಚಪ್ಪಲಿ ಸರಿಮಾಡಿಕೊಳ್ಳುವ ಜಾಗದಲ್ಲೇ ನಿಂತಿದ್ದಳು.

"ಯಾಕೆ?" ಎಂದು ಕೇಳಿದಳು.

"ಸ್ಕ್ರೂ ಇರಲಿಲ್ಲ. ದಾರ ಸುತ್ತಿತ್ತು. ನಾನು ಕನ್ನಡಕದ ಅಂಗಡೀಲಿ ಕೆಲಸ ಮಾಡೋನು. ಕಡ್ಡಿ ವಾಲಿದೆ ಅಂದ್ಕೊಂಡೆ. ಮುಖ ನೋಡದೆ ಮುಟ್ಟಬಾರದು, ಅದು ನಮ್ಮಲ್ಲಿ ಮೊದಲನೇ ಪಾಠ. ಮುಟ್ಟಿದೆ. ತಪ್ಪಾಯ್ತು."

"ಕೇಳಿದ್ರೆ ಕೊಡ್ತಿದ್ದೆ."

ಆ ಮಾತು ಅವನ ಎದೆಗೆ ನಾಟಿತು. ಎಷ್ಟು ಸರಳವಾಗಿತ್ತು! ಕಳೆದ ಸಂಜೆಗಳೆಲ್ಲ ಅದರ ಮುಂದೆ ಸಾಲಾಗಿ ನಿಂತು ನಾಚಿದವು.

"ಒಳಗೆ ಮಾತಾಡೋ ಹಾಗಿಲ್ಲವಲ್ಲ," ಎಂದ.

"ಮೆಟ್ಟಿಲ ಮೇಲೆ ಆಡಬಹುದಲ್ಲ. ಈಗ ಆಡ್ತಿಲ್ವಾ?" ಆಕೆಯ ದನಿಯಲ್ಲಿ ಸಿಟ್ಟು ಇನ್ನೂ ಬೆಚ್ಚಗಿತ್ತು. "ನಾನು ಬ್ರೆಡ್ಡಿನ ಕಾರ್ಖಾನೆಯಲ್ಲಿ ಒಲೆ ನೋಡಿಕೊಳ್ಳೋಳು. ಆ ಕಡ್ಡೀನ ಒಲೆ ಬಾಯಿ ಹತ್ರ ಹಿಡಿದು, ಸ್ವಲ್ಪ ಸ್ವಲ್ಪವೇ ಬಗ್ಗಿಸಿ, ಹಾಕ್ಕೊಂಡು ನೋಡಿ, ಮತ್ತೆ ಬಗ್ಗಿಸಿ, ನಾನೇ ಕೂರಿಸಿಕೊಂಡಿದ್ದೆ. ಎಷ್ಟು ದಿನ ಹಿಡೀತು ಗೊತ್ತಾ? ಬೆರಳೂ ಸುಟ್ಕೊಂಡೆ. ನನ್ನ ಕಿವಿ ಹೀಗೆ ಅಂತ ಯಾವ ಅಂಗಡಿಗೂ ಹೋಗೋಕೆ ಮನಸ್ಸಾಗ್ಲಿಲ್ಲ. ಮೊನ್ನೆಯಿಂದ ಕನ್ನಡಿ ಮುಂದೆ ನಿಂತು, ಕಿವಿ ಇನ್ನೂ ಇಳಿದುಹೋಯ್ತೇನೋ ಅಂದ್ಕೊಂಡಿದ್ದೆ ನಾನು!"

ಅವನು ನಗಬಾರದೆಂದು ತುಟಿ ಕಚ್ಚಿ ಹಿಡಿದ. ಆಕೆ ಅದನ್ನು ನೋಡಿದಳು.

"ಕೊಡಿ," ಎಂದ, "ಅಂಗಡಿ ಹತ್ತಿರದಲ್ಲೇ ಇದೆ. ಈ ಸಲ ಮುಖ ನೋಡ್ಕೊಂಡು ಮಾಡ್ತೀನಿ."

"ಇವತ್ತು ಕೊಡಲ್ಲ. ಇವತ್ತು ಸಿಟ್ಟಿದೆ." ಮೆಟ್ಟಿಲಿಳಿಯುತ್ತ ಅರ್ಧದಲ್ಲಿ ತಿರುಗಿದಳು. "ಎಲ್ಲಿ ಅಂಗಡಿ?"

ಹೇಳಿದ. ದಾರಿಯನ್ನು ಅಗತ್ಯಕ್ಕಿಂತ ತುಸು ಹೆಚ್ಚಾಗಿಯೇ ವಿವರಿಸಿದ.

ಆಮೇಲಿನ ದಿನಗಳಲ್ಲಿ ಎದುರು ಕುರ್ಚಿ ಖಾಲಿಯಾಗಿಯೇ ಇತ್ತು. ಗುಡಿಸುವ ಅಜ್ಜಿ ಮಾತ್ರ ಅವನ ಕಾಲ ಬಳಿ ಒರೆಸುವಾಗ ಒಮ್ಮೆ, "ಬರ್ತಾಳೆ ಬಿಡು, ತಲೆ ಇದ್ದ ಮೇಲೆ ಕನ್ನಡಕ ಬೇಕೇ ಬೇಕಲ್ಲ," ಎಂದು ಸಮಾಧಾನ ಹೇಳಿದಳು. ಬಿಗಿಮಾವನಿಗೆ ನಂಬಿಕೆ ಇರಲಿಲ್ಲ. ಅಂಗಡಿ ಮುಚ್ಚುವ ಹೊತ್ತಾದರೂ ಒಲೆ ಆರಿಸದೆ ಮರಳಿನ ತಟ್ಟೆಯನ್ನು ಬೆಚ್ಚಗಿಟ್ಟ.

ಆಕೆ ಬಂದದ್ದು ಒಂದು ಮಧ್ಯಾಹ್ನ, ಅಂಗಡಿಯಲ್ಲಿ ಬೇರಾರೂ ಇಲ್ಲದಾಗ. ತೋಳಿನ ಮೇಲೆ ಹಿಟ್ಟಿನ ಪುಡಿ ಹಾಗೇ ಇತ್ತು. "ಸಿಟ್ಟು ಇಳೀತು," ಎಂದಳು, "ತಲೆನೋವು ಇಳೀಲಿಲ್ಲ." ಪರದೆಯ ಆಚೆಯ ಎತ್ತರದ ಕುರ್ಚಿಯಲ್ಲಿ ಕುಳಿತು, ಕನ್ನಡಕವನ್ನು ಅವನ ಅಂಗೈಯಲ್ಲಿಟ್ಟಳು.

ಅವನು ಕಡ್ಡಿಯನ್ನು ಮರಳಿನಲ್ಲಿ ಹೂತ. "ಕಿವಿ ನೋಡಬೇಕು," ಎಂದ. ಗಿರಾಕಿಗಳಿಗೆ ದಿನವೂ ಹೇಳುವ ಮಾತೇ.

ಆಕೆ ತಾನೇ ಕೂದಲನ್ನೆತ್ತಿ ಹಿಡಿದಳು. "ಹುಟ್ಟಿದಾಗಿಂದ ಹೀಗೇ. ನಗಬೇಡಿ."

"ಎಲ್ಲರ ಮುಖಾನೂ ಎಲ್ಲೋ ಒಂದು ಕಡೆ ವಾಲೇ ಇರುತ್ತೆ. ನನ್ನ ಮೂಗು ನೋಡಿ, ಎಡಗಡೆ ಹೊರಟಿದೆ."

ಆಕೆ ನೋಡಿದಳು. ಕನ್ನಡಕವಿಲ್ಲದ ಕಣ್ಣು, ಇಷ್ಟು ಹತ್ತಿರದಲ್ಲಿ ಅವನು ಮತ್ತೆ ಮಬ್ಬೇ ಇದ್ದಿರಬೇಕು. ಆದರೂ ಹಿಂದಕ್ಕೆ ಸರಿದು, ಕತ್ತು ದೂರ ಮಾಡಿ, ಗಮನವಿಟ್ಟು ನೋಡಿ, "ಹೌದು, ಹೊರಟಿದೆ," ಎಂದಳು.

ಅವನು ಕಡ್ಡಿ ತೆಗೆದು ಬಗ್ಗಿಸಿದ, ತೊಡಿಸಿದ, ತೆಗೆದ, ಮತ್ತೆ ಮರಳಿಗಿಟ್ಟ. ಆಕೆಯ ಉಸಿರಿನಲ್ಲಿ ಬೆಂದ ಹಿಟ್ಟಿನ ವಾಸನೆಯಿತ್ತು. ಆಕೆ ಕಣ್ಣು ಮುಚ್ಚಿಕೊಳ್ಳಲಿಲ್ಲ.

"ಬೆಳಗಿನಿಂದ ಒಂದೇ ಒಲೆ ಮುಂದೆ ನಿಂತಿರ್ತೀನಿ," ಎಂದಳು ಇದ್ದಕ್ಕಿದ್ದಂತೆ. "ಸಂಜೆ ಆ ಪುಸ್ತಕದಲ್ಲಿ ಸ್ವಲ್ಪ ದೂರ ಹೋಗಿ ಬರೋಣ ಅನಿಸುತ್ತೆ. ಕಣ್ಣು ನೋವಾದಾಗ ಕನ್ನಡಕ ತೆಗೆದು ಕೂರ್ತೀನಿ. ಆಗ ನೀವು ಚೆನ್ನಾಗಿ ಕಾಣ್ತೀರಿ. ಯಾವಾಗ ನೋಡಿದ್ರೂ ನನ್ನ ತಲೆ ಮೇಲೆ, ಗಡಿಯಾರ ನೋಡ್ತಾ ಇರ್ತೀರಿ. ಪಾಪ, ಮನೇಲಿ ಯಾರೋ ದಾರಿ ಕಾಯ್ತಿರ್ತಾರೆ, ಹೊತ್ತಾಯ್ತು ಅಂತ ಚಡಪಡಿಸ್ತಾರೆ ಅಂದ್ಕೊಂಡಿದ್ದೆ. ಅದಕ್ಕೇ ನಾನೂ ಮಾತಾಡಿಸಲಿಲ್ಲ."

ಬಿಗಿಮಾವನ ಕೈ ಮರಳಿನ ಮೇಲೆ ನಿಂತಿತು. ತನ್ನನ್ನು ಒಬ್ಬರು ಇಷ್ಟು ದಿನ ನೋಡಿದ್ದಾರೆ, ನೋಡಿ ಏನೋ ಅಂದುಕೊಂಡಿದ್ದಾರೆ, ಮಾತಾಡಿಸಲೋ ಬೇಡವೋ ಎಂದು ಯೋಚಿಸಿದ್ದಾರೆ ಎಂಬುದು ಅವನ ಲೆಕ್ಕಕ್ಕೆ ಎಂದೂ ಬಂದಿರಲಿಲ್ಲ. ಹೌದು, ಹೊತ್ತು ನೋಡುತ್ತಿದ್ದೆ ಎಂದುಬಿಟ್ಟರೆ ಎಲ್ಲವೂ ಮೊದಲಿನಂತೆ ಮುಚ್ಚಿಹೋಗುತ್ತಿತ್ತು. ಅವನು ಕಡ್ಡಿಯನ್ನು ಒಂದು ಬಾರಿ ಹೊರಳಿಸಿದ.

"ಆ ಗಡಿಯಾರ ಕೆಟ್ಟು ಎಷ್ಟೋ ಕಾಲ ಆಯ್ತು," ಎಂದ.

ಅವನು ಕೊನೆಯ ಬಾರಿ ತೊಡಿಸಿ, ಎರಡೂ ಕೈ ತೆಗೆದ. ಕನ್ನಡಕ ಹಣೆಗೆ ಸಮನಾಗಿ, ಆ ಮುಖದಲ್ಲೇ ಹುಟ್ಟಿದಂತೆ ಕುಳಿತಿತ್ತು. ಆಕೆ ತಲೆಯನ್ನು ಅತ್ತಿತ್ತ ಅಲುಗಿಸಿ ನೋಡಿದಳು. ಎದುರಿಗೇ ಕನ್ನಡಿ ಇತ್ತು. ಅದರ ಕಡೆ ತಿರುಗಲಿಲ್ಲ. "ಸರಿಯಾಗಿದೆ," ಎಂದು ಎದ್ದು ಹೋದಳು.

ಆ ಸಂಜೆ ಬಿಗಿಮಾವ ಎಂದಿನ ಜಾಗದಲ್ಲಿ ಕುಳಿತು ಪತ್ರಿಕೆ ಬಿಡಿಸಿಕೊಂಡಿದ್ದ. ಬಾಗಿಲಲ್ಲಿ ಆಕೆ ಕಾಣಿಸಿಕೊಂಡಳು. ಒಳಗೆ ಬಂದವಳು ನಿಂತು, ತಿರುಗಿ, ಕತ್ತೆತ್ತಿ ಬಾಗಿಲ ನೆತ್ತಿಯ ಗಡಿಯಾರವನ್ನು ನೋಡಿದಳು. ತನ್ನ ಕೈಗಡಿಯಾರವನ್ನು ನೋಡಿಕೊಂಡಳು. ಮತ್ತೊಮ್ಮೆ ಮೇಲಕ್ಕೆ ನೋಡಿದಳು. ಆಮೇಲೆ ಬಂದು, ಎದುರು ಕುರ್ಚಿಯಲ್ಲಿ ಕುಳಿತು, ಭೂಪಟದ ಪುಸ್ತಕ ಬಿಡಿಸಿ, ನದಿಯ ಮೇಲೆ ಬೆರಳಿಟ್ಟಳು. ತಲೆ ನೆಟ್ಟಗಿತ್ತು.

ಸ್ವಲ್ಪ ಹೊತ್ತಿಗೆ ಕನ್ನಡಕ ತೆಗೆದು, ಮಡಿಸಿ, ಪುಟದ ಮೇಲಿಟ್ಟು, ಅವನ ಕಡೆ ನೋಡಿದಳು. ಬಿಗಿಮಾವನ ಕಣ್ಣು ಅಭ್ಯಾಸದಂತೆ ಮೇಲಕ್ಕೆ ಹೊರಟಿತು. ಅರ್ಧದಲ್ಲಿ ನಿಂತು, ಇಳಿದು ಬಂತು.